ಶಕ್ತಿ ಎಷ್ಟು ಬಗೆ?

ನಮ್ಮ ರಾಮನಗರ, ಚನ್ನಪಟ್ಟಣ, ಕನಕಪುರ, ಮಾಗಡಿ ಸೀಮೆಯಲ್ಲಿ ‘ಶಕ್ತಿ’ ಎಂಬ ಮಾತಿಗಿರುವಷ್ಟು ಬೇಡಿಕೆ ಬೇರೆ ಯಾವ ಮಾತಿಗೂ ಇರಲಾರದು. ಬೆಟ್ಟದ ಬುಡದಲ್ಲಿ ಕುಳಿತ ಕಬ್ಬಾಳಮ್ಮ ಶಕ್ತಿ ದೇವತೆ. ಬಾಣಂತಿಗೆ ಶಕ್ತಿ ಬರಲೆಂದು ತವರಿನವರು ಅಂಟಿನುಂಡೆ ಕಟ್ಟುತ್ತಾರೆ. ‘ಅವರ ಕೈಲಿ ಶಕ್ತಿ ಐತೆ’ ಎಂದರೆ ತಾಯಿತ ಕಟ್ಟುವವರು ಎಂದು ಅರ್ಥ, ‘ಅವರಿಗೆ ಶಕ್ತಿ ಐತೆ’ ಎಂದರೆ ದುಡ್ಡಿದೆ ಎಂದು ಅರ್ಥ. 2023ರ ಜೂನ್ 11ರಿಂದ ಸರ್ಕಾರಿ ಬಸ್ಸಿನಲ್ಲಿ ಹೆಂಗಸರಿಗೆ ಕಂಡಕ್ಟರ್ ಹರಿದುಕೊಡುವ ಸೊನ್ನೆ ರೂಪಾಯಿಯ ಟಿಕೆಟ್ಟಿನ ಯೋಜನೆಗೂ ಶಕ್ತಿ ಎಂದೇ ಹೆಸರು. ಇಷ್ಟು ಜನ ಒಕ್ಕಲಿರುವ ಈ ಮನೆಯಲ್ಲಿ ಇನ್ನೊಬ್ಬ ಬಾಡಿಗೆದಾರನೂ ಇದ್ದಾನೆ. ಅವನು ವಿಜ್ಞಾನದ ಪುಸ್ತಕದವನು. ಶಾಖ, ಬೆಳಕು, ಶಬ್ದ, ವಿದ್ಯುತ್ತು ಇವೆಲ್ಲ ಶಕ್ತಿಯ ರೂಪಗಳು, ಶಕ್ತಿಯನ್ನು ಸೃಷ್ಟಿಸಲಾಗದು, ನಾಶ ಮಾಡಲಾಗದು, ಒಂದು ರೂಪದಿಂದ ಇನ್ನೊಂದಕ್ಕೆ ಬದಲಾಯಿಸಬಹುದು ಅಷ್ಟೆ ಎಂದು ಅವನ ವಾದ.

ನಾನು ಬಿ.ಎ., ಬಿ.ಎಡ್. ಮಾಡಿದವಳು. ಕನ್ನಡ, ಸಮಾಜ ನನ್ನ ವಿಷಯ. ಎರಡು ವರ್ಷದ ಹಿಂದೆ ನಮ್ಮ ಶಾಲೆಯ ವಿಜ್ಞಾನದ ಮೇಷ್ಟ್ರು ವರ್ಗವಾಗಿ ಹೋದರು, ಅವರ ಜಾಗಕ್ಕೆ ಯಾರೂ ಬರಲಿಲ್ಲ, ಏಳನೆಯ ತರಗತಿಯ ವಿಜ್ಞಾನ ನನ್ನ ಕೊರಳಿಗೆ ಬಿತ್ತು. ಸರ್ಕಾರಿ ಶಾಲೆಯಲ್ಲಿ ಕೆಲಸ ಮಾಡಿದವರಿಗೆ ಇದೇನೂ ಹೊಸ ಕಥೆಯಲ್ಲ. ರಾತ್ರಿ ಓದಿಕೊಂಡು ಬೆಳಿಗ್ಗೆ ಪಾಠ ಹೇಳುತ್ತಿದ್ದೆ. ಹಾಗೆ ಹೇಳುವಾಗ ನಮ್ಮೂರಿನ ಪದಾರ್ಥಗಳೇ ನನ್ನ ಕೈ ಹಿಡಿದವು. ಚನ್ನಪಟ್ಟಣದ ಬೊಂಬೆ ಮಾಡುವುದನ್ನು ನೀವು ನೋಡಿರಬಹುದು. ಹಾಲೆ ಮರದ ತುಂಡನ್ನು ಲೇತಿಗೆ ಸಿಕ್ಕಿಸಿ ಗಿರ್ರನೆ ತಿರುಗಿಸುತ್ತಾರೆ. ಬಣ್ಣದ ಅರಗಿನ ಕಡ್ಡಿಯನ್ನು ಅದಕ್ಕೆ ಒತ್ತಿ ಹಿಡಿದರೆ ಉಜ್ಜಾಟದ ಬಿಸಿಗೆ ಅರಗು ಕರಗಿ ಮರಕ್ಕೆ ಹತ್ತುತ್ತದೆ. ಬೆಂಕಿಯಿಲ್ಲ, ಕುಂಚವಿಲ್ಲ. ತಿರುಗುವ ಶಕ್ತಿ ಶಾಖವಾಯಿತು, ಶಾಖ ಬಣ್ಣ ಹಚ್ಚಿತು. ಇದಕ್ಕಿಂತ ಚೆನ್ನಾದ ಉದಾಹರಣೆ ಪುಸ್ತಕದಲ್ಲೂ ಇರಲಿಲ್ಲ. ಅಪ್ಪಂದಿರು ಬೊಂಬೆ ಕೆಲಸಕ್ಕೆ ಹೋಗುವ ಮಕ್ಕಳ ಮುಖ ಅಂದು ಅರಳಿದ್ದನ್ನು ನೋಡಬೇಕಿತ್ತು.

ಆ ದಿನವೇ ಮೂರನೆಯ ಬೆಂಚಿನ ಹುಡುಗಿಯೊಬ್ಬಳು ಎದ್ದು ನಿಂತಳು. ಮಾತು ಕಡಿಮೆಯ ಹುಡುಗಿ. ‘ಮಿಸ್, ಮಂತ್ರಕ್ಕೆ ಶಕ್ತಿ ಐತಲ್ಲ, ಅದು ಯಾವ್ದು? ಶಾಖನಾ, ಕರೆಂಟಾ?’ ಎಂದಳು.

ಕ್ಲಾಸಿನವರೆಲ್ಲ ನಕ್ಕರು. ಅವಳು ನಗಲಿಲ್ಲ. ಉತ್ತರ ಬೇಕಾಗಿಯೇ ಕೇಳಿದ ಪ್ರಶ್ನೆ ಯಾವುದು, ಕೀಟಲೆಯ ಪ್ರಶ್ನೆ ಯಾವುದು ಎಂಬುದು ಮೂವತ್ತು ವರ್ಷ ಸೀಮೆಸುಣ್ಣ ಹಿಡಿದವರಿಗೆ ಗೊತ್ತಾಗದೆ ಇರುವುದಿಲ್ಲ. ‘ಮಂತ್ರಕ್ಕೆ ಶಕ್ತಿ ಇದೆಯೋ ಇಲ್ಲವೋ ಅಂತ ಅಳೆದು ನೋಡೋಕೆ ಹೊರಟ ದೊಡ್ಡ ಮನುಷ್ಯರೊಬ್ಬರು ನಮ್ಮ ರಾಜ್ಯದಲ್ಲೇ ಇದ್ದರು. ಅವರ ಕಥೆ ನಾಳೆ ಹೇಳ್ತೀನಿ’ ಎಂದೆ.

ನನ್ನ ಮನಸ್ಸಿನಲ್ಲಿದ್ದದ್ದು ಡಾ. ಎಚ್. ನರಸಿಂಹಯ್ಯನವರು. ಅವರನ್ನು ನಾನು ಕಣ್ಣಾರೆ ಕಂಡವಳಲ್ಲ. ಅವರ ಆತ್ಮಕಥೆ ‘ಹೋರಾಟದ ಹಾದಿ’ಯನ್ನು ಲೈಬ್ರರಿಯಿಂದ ತಂದು ಓದಿದ್ದೆ. ಎಚ್ಚೆನ್ ಎಂದೇ ಎಲ್ಲರೂ ಕರೆಯುತ್ತಿದ್ದ ಅವರು ಹುಟ್ಟಿದ್ದು 1920ರಲ್ಲಿ, ಗೌರಿಬಿದನೂರು ತಾಲ್ಲೂಕಿನ ಹೊಸೂರಿನಲ್ಲಿ, ಬಡವರ ಮನೆಯಲ್ಲಿ. ಹೈಸ್ಕೂಲು ಓದಲು 1935ರಲ್ಲಿ ಊರಿನಿಂದ ಬೆಂಗಳೂರಿಗೆ ಎರಡು ದಿನ ನಡೆದೇ ಬಂದರು. ಬಸವನಗುಡಿಯ ನ್ಯಾಷನಲ್ ಹೈಸ್ಕೂಲಿಗೆ ಸೇರಿದರು. ಮರುವರ್ಷ ಗಾಂಧೀಜಿ ಅಲ್ಲಿಗೆ ಬಂದಾಗ ಅವರ ಹಿಂದಿ ಭಾಷಣವನ್ನು ಕನ್ನಡಕ್ಕೆ ತಿಳಿಸಿದ ಹುಡುಗ ಇವರೇ. 1942ರ ಚಳವಳಿಯಲ್ಲಿ ಓದು ಬಿಟ್ಟು ಜೈಲು ಕಂಡರು. ಆಮೇಲೆ ಓದು ಮುಗಿಸಿ 1946ರಲ್ಲಿ ನ್ಯಾಷನಲ್ ಕಾಲೇಜಿನಲ್ಲಿ ಭೌತಶಾಸ್ತ್ರದ ಮೇಷ್ಟ್ರಾದರು. ಅಮೆರಿಕದ ಓಹಿಯೋ ಸ್ಟೇಟ್ ವಿಶ್ವವಿದ್ಯಾನಿಲಯದಿಂದ 1960ರಲ್ಲಿ ಪರಮಾಣು ಭೌತಶಾಸ್ತ್ರದಲ್ಲಿ ಡಾಕ್ಟರೇಟ್ ಪಡೆದು ಬಂದರೂ ಖಾದಿ ಪಂಚೆ, ಜುಬ್ಬ, ಗಾಂಧಿ ಟೋಪಿ ಬಿಡಲಿಲ್ಲ. ಮದುವೆಯಾಗಲಿಲ್ಲ. ಕಾಲೇಜಿನ ವಿದ್ಯಾರ್ಥಿನಿಲಯದ ಒಂದು ಕೋಣೆಯೇ ಅವರ ಮನೆ. ಪ್ರಿನ್ಸಿಪಾಲರಾದಾಗಲೂ, ಬೆಂಗಳೂರು ವಿಶ್ವವಿದ್ಯಾನಿಲಯದ ಕುಲಪತಿಗಳಾದಾಗಲೂ ಅದೇ ಸರಳ ಬದುಕು.

ಪರಮಾಣುವಿನ ಶಕ್ತಿ ಓದಿದ ಈ ಮನುಷ್ಯರಿಗೆ ಇನ್ನೊಂದು ಶಕ್ತಿಯ ಮೇಲೂ ಕಣ್ಣಿತ್ತು. ಗಾಳಿಯಿಂದ ವಿಭೂತಿ ತೆಗೆಯುವುದು, ಮಂತ್ರದಿಂದ ರೋಗ ಕಳೆಯುವುದು ಇವು ನಿಜವಾಗಿದ್ದರೆ ಭೌತಶಾಸ್ತ್ರವನ್ನೇ ಹೊಸದಾಗಿ ಬರೆಯಬೇಕಾಗುತ್ತದೆಯಲ್ಲ! ಇಷ್ಟು ದೊಡ್ಡ ಸಂಗತಿಯನ್ನು ಪರೀಕ್ಷೆ ಮಾಡದೆ ಬಿಡಬಹುದೆ? ಕುಲಪತಿಗಳಾಗಿದ್ದಾಗಲೇ, 1976ರಲ್ಲಿ, ಪವಾಡಗಳನ್ನೂ ಪರೀಕ್ಷಿಸಿ ನೋಡಬಹುದಾದ ಮೂಢನಂಬಿಕೆಗಳನ್ನೂ ತನಿಖೆ ಮಾಡಲು ವಿಶ್ವವಿದ್ಯಾನಿಲಯದಲ್ಲಿ ಒಂದು ಸಮಿತಿ ಮಾಡಿದರು. ಪುಟ್ಟಪರ್ತಿಯ ಸತ್ಯ ಸಾಯಿಬಾಬಾ ಅವರಿಗೆ, ತಮ್ಮ ಪವಾಡಗಳನ್ನು ಸಮಿತಿಯ ಮುಂದೆ ತೋರಿಸಬೇಕೆಂದು ಪತ್ರ ಬರೆದರು. ಒಂದಲ್ಲ, ಮೂರು ಪತ್ರ. ಉತ್ತರ ಬರಲಿಲ್ಲ. ದೇಶದ ತುಂಬ ಪತ್ರಿಕೆಗಳಲ್ಲಿ ಪರ ವಿರೋಧದ ಚರ್ಚೆಯಾಯಿತು. ಬೈದವರಿಗೂ ಕಡಿಮೆಯಿರಲಿಲ್ಲ, ಬೆನ್ನು ತಟ್ಟಿದವರಿಗೂ ಕಡಿಮೆಯಿರಲಿಲ್ಲ.

ನಮಗೆ ಹತ್ತಿರದ ಕಥೆ ಪಾಂಡವಪುರದ್ದು. ಅಲ್ಲಿ ಆ ದಿನಗಳಲ್ಲಿ ಒಬ್ಬ ಪುಟ್ಟ ಹುಡುಗ ಬರಿಗೈಯಿಂದ ವಿಭೂತಿ ಉದುರಿಸುತ್ತಾನೆಂದು ಜನ ಮುಗಿಬೀಳುತ್ತಿದ್ದರು. ಸಮಿತಿಯವರು ಹೋಗಿ ನೋಡಿದಾಗ ವಿಭೂತಿ ಬರುತ್ತಿದ್ದದ್ದು ಗಾಳಿಯಿಂದಲ್ಲ, ಹುಡುಗನ ಬಟ್ಟೆಯೊಳಗಿಂದ ಎಂದು ಹೊರಬಿತ್ತು. ಈ ಕಥೆ ಓದುವಾಗಲೆಲ್ಲ ನನ್ನ ಮನಸ್ಸು ಆ ಮಗುವಿನ ಕಡೆಗೇ ಹೋಗುತ್ತದೆ. ಆಟದ ವಯಸ್ಸಿನ ಹುಡುಗನನ್ನು ದೇವರು ಮಾಡಿ ಕೂರಿಸಿದವರು ದೊಡ್ಡವರು. ಗುಟ್ಟು ರಟ್ಟಾದ ದಿನ ಎಲ್ಲರೆದುರು ನಿಂತವನು ಮಾತ್ರ ಅವನು.

ಎಚ್ಚೆನ್ 1977ರಲ್ಲಿ ಕುಲಪತಿ ಹುದ್ದೆಯಿಂದ ಇಳಿದರು. ಸಮಿತಿ ಬಹಳ ಕಾಲ ಬಾಳಲಿಲ್ಲ. ಆದರೆ ಸಮಿತಿಗೂ ಮೊದಲೇ, 1962ರಲ್ಲಿ, ಅವರು ಹುಟ್ಟುಹಾಕಿದ್ದ ಬೆಂಗಳೂರು ಸೈನ್ಸ್ ಫೋರಂ ಮುಂದುವರಿಯಿತು. ಯಾರು ಬೇಕಾದರೂ ಬಂದು ಕೂತು ವಿಜ್ಞಾನದ ಉಪನ್ಯಾಸ ಕೇಳಬಹುದಾದ ಜಾಗ ಅದು. 1984ರಲ್ಲಿ ಅವರಿಗೆ ಪದ್ಮಭೂಷಣ ಬಂತು. 2005ರ ಜನವರಿ 31ರಂದು ತೀರಿಕೊಂಡರು. ಅವರು ಜೀವಮಾನವೆಲ್ಲ ಹೇಳಿದ್ದು ಒಂದೇ ಮಾತು. ಹೇಳಿದವರು ಯಾರೇ ಆಗಲಿ, ಕೇಳದೆ, ವಿಚಾರಿಸದೆ ಒಪ್ಪಿಕೊಳ್ಳಬೇಡಿ ಎಂದು.

ಮಕ್ಕಳಿಗೆ ಈ ಕಥೆ ಹೇಳಿದೆ. ಎರಡು ದಿನ ನಡೆದು ಸ್ಕೂಲಿಗೆ ಸೇರಿದ್ದು ಅವರಿಗೆ ಎಲ್ಲಕ್ಕಿಂತ ಹೆಚ್ಚು ಹಿಡಿಸಿತು. ಮೂರನೆಯ ಬೆಂಚಿನ ಹುಡುಗಿ ಮಾತ್ರ ಬೆಲ್ಲು ಹೊಡೆದ ಮೇಲೂ ನಿಂತೇ ಇದ್ದಳು. ವಿಷಯ ನಿಧಾನವಾಗಿ ಹೊರಬಂತು. ಅವಳಿಗೆ ಆರು ವರ್ಷದ ತಮ್ಮ. ಅವನಿಗೆ ಫಿಟ್ಸ್ ಬರುತ್ತದೆ. ಆಸ್ಪತ್ರೆಯಲ್ಲಿ ಮಾತ್ರೆ ಕೊಟ್ಟಿದ್ದಾರೆ. ಆದರೆ ಯಾರೋ ಹೇಳಿದರೆಂದು ಅಮ್ಮ ಒಬ್ಬ ಸ್ವಾಮಿಯ ಹತ್ತಿರ ಕರೆದುಕೊಂಡು ಹೋಗಿದ್ದಾಳೆ. ಆತ ಬಿಳಿ ಬಟ್ಟೆ ಹಾಸಿ, ಅರಿಶಿನ ಉಜ್ಜಿ, ಮಂತ್ರ ಹೇಳಿ ತೀರ್ಥ ಚಿಮುಕಿಸಿದ. ಬಟ್ಟೆಯ ಮೇಲೆ ರಕ್ತದ ಕಲೆ ಎದ್ದಿತು! ‘ಯಾರೋ ಮಾಟ ಮಾಡಿಸವ್ರೆ, ಮೂರು ಅಮಾಸೆ ಪೂಜೆ ಆಗ್ಬೇಕು, ಅಲ್ಲೀವರ್ಗೂ ಮಾತ್ರೆ ಕೊಟ್ರೆ ಪೂಜೆ ಶಕ್ತಿ ಕೆಡ್ತದೆ’ ಎಂದ. ಒಂದೊಂದು ಪೂಜೆಗೆ ಮೂರು ಸಾವಿರ ರೂಪಾಯಿ. ಚೀಟಿ ದುಡ್ಡಿನಲ್ಲಿ ಒಂದು ಅಮಾವಾಸ್ಯೆ ಕಳೆದಿತ್ತು. ಮಾತ್ರೆ ನಿಂತಿತ್ತು.

ನನ್ನ ಎದೆ ಧಸಕ್ಕೆಂದಿತು. ಫಿಟ್ಸಿನ ಮಾತ್ರೆಯನ್ನು ಇದ್ದಕ್ಕಿದ್ದಂತೆ ನಿಲ್ಲಿಸುವುದು ಎಷ್ಟು ಅಪಾಯ ಎಂಬುದು ನನಗೆ ಗೊತ್ತಿತ್ತು. ಬಿಟ್ಟರೆ ಫಿಟ್ಸ್ ಮೇಲಿಂದ ಮೇಲೆ ಬಂದು, ನಿಲ್ಲದೆ ಹೋಗಿ, ಜೀವಕ್ಕೇ ಕುತ್ತಾಗಬಹುದು.

ಸಂಜೆ ಅವರ ಮನೆಗೆ ಹೋದೆ. ತಾಯಿ ರೇಷ್ಮೆ ನೂಲು ಬಿಚ್ಚಾಣಿಕೆಯ ಫಿಲೇಚರಿನಲ್ಲಿ ಕೆಲಸ ಮಾಡುವವಳು. ಬಿಸಿ ನೀರಿನಲ್ಲಿ ಗೂಡಿನ ಎಳೆ ಹುಡುಕಿ ಹುಡುಕಿ ಬೆರಳ ತುದಿಯೆಲ್ಲ ಬೆಂದು ಬೆಳ್ಳಗಾಗಿದ್ದವು. ‘ಬನ್ನಿ ಮೇಡಂ, ಕೂತ್ಕಳಿ’ ಎಂದು ಚಾಪೆ ಹಾಕಿದಳು. ಹುಡುಗ ಬಾಗಿಲ ಬಳಿ ಬೊಂಬೆ ಗಾಡಿ ಎಳೆಯುತ್ತಿದ್ದ, ಸೊಂಟದಲ್ಲಿ ಹೊಸ ತಾಯಿತ.

ನಾನು ಬೈಯಲಿಲ್ಲ. ‘ಆ ಸ್ವಾಮಿ ಹತ್ತಿರ ಹೋಗಬೇಕು ಅಂತ ಯಾಕನ್ನಿಸಿತಮ್ಮ?’ ಎಂದು ಕೇಳಿದೆ.

‘ಏನ್ ಮಾಡನ ಮೇಡಂ,’ ಎಂದಳು. ‘ಆಸ್ಪತ್ರೇಲಿ ಬೆಳಗ್ಗಿಂದ ಸಾಲಲ್ಲಿ ನಿಂತ್ಕಂಡ್ರೆ ಎರಡು ನಿಮ್ಷ ನೋಡ್ತಾರೆ. ಏನು ಕಾಯ್ಲೆ ಅಂದ್ರೆ, ಮಾತ್ರೆ ಬಿಡ್ಬೇಡ ಹೋಗು ಅಂತಾರೆ. ಸ್ವಾಮ್ಯೋರು ಒಂದು ಗಂಟೆ ಕೂರುಸ್ಕಂಡು ಕೇಳುದ್ರು. ನನ್ ಗಂಡ ಬಿಟ್ಟೋಗಿದ್ದು, ಅತ್ತೆ ನಂದೇ ದೋಸ ಅನ್ನೋದು ಎಲ್ಲಾನೂ ಕೇಳುದ್ರು. ಅತ್ತೂಬುಟ್ಟೆ. ನಿನ್ ತಪ್ಪಲ್ಲ ಕಣಮ್ಮ, ಯಾರೋ ಮಾಡ್ಸವ್ರೆ ಅಂದ್ರು.’

ಈ ಮಾತನ್ನು ನಾನು ಇಂದಿಗೂ ಮರೆತಿಲ್ಲ. ಮಂತ್ರವಾದಿ ಮಾರುವುದು ತಾಯಿತವನ್ನು ಅಂತ ನಾವು ತಿಳಿದಿದ್ದೇವೆ. ಅವನು ಮಾರುವುದು ಒಂದು ಗಂಟೆಯ ಕಿವಿಯನ್ನು. ‘ನಿನ್ನ ತಪ್ಪಲ್ಲ’ ಎಂಬ ಒಂದು ಮಾತಿಗಾಗಿ ಎಷ್ಟು ಜನ ತಾಯಂದಿರು ಸೆರಗಿನ ಗಂಟು ಬಿಚ್ಚುತ್ತಾರೋ! ಆ ಮಾತನ್ನು ಆಸ್ಪತ್ರೆಯಲ್ಲಿ ಯಾರಾದರೂ ಹೇಳಬಹುದಿತ್ತು, ಮನೆಯಲ್ಲಿ ಅತ್ತೆ ಹೇಳಬಹುದಿತ್ತು. ಯಾರೂ ಹೇಳದ್ದರಿಂದ ಅದಕ್ಕೆ ಮೂರು ಸಾವಿರ ರೂಪಾಯಿ ಬೆಲೆ ಬಂತು.

‘ನಿನ್ನ ತಪ್ಪಲ್ಲ ಅನ್ನೋದು ನಿಜವಮ್ಮ’ ಎಂದೆ. ‘ಯಾರೂ ಮಾಡಿಸಿಯೂ ಇಲ್ಲ.’ ಆಮೇಲೆ ನನಗೆ ತಿಳಿದಷ್ಟು ಹೇಳಿದೆ. ನಮ್ಮ ಮೆದುಳು ಕೆಲಸ ಮಾಡುವುದು ಸಣ್ಣ ಸಣ್ಣ ವಿದ್ಯುತ್ತಿನ ಸಂದೇಶಗಳಿಂದ. ಬೀದಿಯ ಟ್ರಾನ್ಸ್‌ಫಾರ್ಮರ್ ಒಮ್ಮೊಮ್ಮೆ ಪಟಪಟ ಎಂದು ಊರಿನ ದೀಪವೆಲ್ಲ ಕಣ್ಣು ಮಿಟುಕಿಸುವುದಿಲ್ಲವೆ, ಹಾಗೆ ಆ ಸಂದೇಶಗಳು ಕೆಲವು ಹೊತ್ತು ಅಡ್ಡಾದಿಡ್ಡಿಯಾದಾಗ ಫಿಟ್ಸ್ ಬರುತ್ತದೆ. ಪಕ್ಕದಲ್ಲಿದ್ದ ಹುಡುಗಿ ಥಟ್ಟನೆ, ‘ಹಂಗಾರೆ ಅದು ಕರೆಂಟು ಶಕ್ತಿ ಅಲ್ವಾ ಮಿಸ್?’ ಎಂದಳು. ‘ಹೌದು, ನೀನು ಕ್ಲಾಸಿನಲ್ಲಿ ಕೇಳಿದ್ದಕ್ಕೆ ಉತ್ತರ ನಿನ್ನ ತಮ್ಮನ ತಲೆಯಲ್ಲೇ ಇದೆ’ ಎಂದೆ. ಮಾತ್ರೆ ಆ ವಿದ್ಯುತ್ತನ್ನು ಹದದಲ್ಲಿಡುತ್ತದೆ. ತಪ್ಪದೆ ನುಂಗಿದರೆ ನೂರಕ್ಕೆ ಎಪ್ಪತ್ತು ಜನರಿಗೆ ಫಿಟ್ಸ್ ಬರದಂತೆ ತಡೆಯಬಹುದೆಂದು ವಿಶ್ವ ಆರೋಗ್ಯ ಸಂಸ್ಥೆಯವರು ಹೇಳುತ್ತಾರೆ.

‘ಆದ್ರೆ ಮೇಡಂ, ಕೈಗೆ ಬೀಗದ ಕೈ ಕೊಟ್ಟ ತಕ್ಷಣ ನಿಂತೋಯ್ತದಲ್ಲ?’

ಬೀಗದ ಕೈ ಕೊಟ್ಟರೂ ನಿಲ್ಲುತ್ತದೆ, ಕೊಡದಿದ್ದರೂ ನಿಲ್ಲುತ್ತದೆ. ಫಿಟ್ಸ್ ಸಾಮಾನ್ಯವಾಗಿ ಎರಡು ಮೂರು ನಿಮಿಷದಲ್ಲಿ ತಾನಾಗಿ ಇಳಿಯುತ್ತದೆ. ನಾವು ಗಾಬರಿಯಲ್ಲಿ ಕಬ್ಬಿಣ ಹುಡುಕಿ ತರುವ ಹೊತ್ತಿಗೆ ಅದರ ಹೊತ್ತು ಮುಗಿದಿರುತ್ತದೆ, ಹೆಸರು ಬೀಗದ ಕೈಗೆ ಬರುತ್ತದೆ. ಈ ಮಾತು ಓದುತ್ತಿರುವ ನಿಮಗೂ ಉಪಯೋಗಕ್ಕೆ ಬರಬಹುದು. ಯಾರಿಗಾದರೂ ಫಿಟ್ಸ್ ಬಂದರೆ ಸುತ್ತ ಚೂಪಾದದ್ದು, ಗಟ್ಟಿಯಾದದ್ದು ಇದ್ದರೆ ದೂರ ಸರಿಸಿ. ತಲೆಯ ಕೆಳಗೆ ಮೆತ್ತಗಿನದು ಏನಾದರೂ ಇಡಿ. ಅದುಮಿ ಹಿಡಿಯಬೇಡಿ. ಬಾಯಿಗೆ ನೀರು, ಚಮಚ, ಬಟ್ಟೆ ಏನೂ ಹಾಕಬೇಡಿ. ನಡುಕ ಇಳಿದ ಮೇಲೆ ಒಂದು ಮಗ್ಗುಲಿಗೆ ಮಲಗಿಸಿ. ಗಡಿಯಾರ ನೋಡಿ; ಐದು ನಿಮಿಷ ದಾಟಿದರೆ ಆಂಬುಲೆನ್ಸ್ ಕರೆಯಿರಿ.

ಇಷ್ಟೆಲ್ಲ ಹೇಳಿದರೂ ತಾಯಿಯ ಮುಖದಲ್ಲಿ ಅನುಮಾನ ಹೋಗಲಿಲ್ಲ. ‘ರಕ್ತ ಬಂದಿದ್ ನಾನೇ ನೋಡಿವ್ನಿ ಮೇಡಂ’ ಎಂದಳು. ಕಣ್ಣಾರೆ ಕಂಡದ್ದನ್ನು ಬರೀ ಮಾತಿನಿಂದ ಹೇಗೆ ಅಳಿಸುವುದು? ‘ನಾಡಿದ್ದು ಶನಿವಾರ ಅರ್ಧ ದಿನ ಶಾಲೆ. ಹನ್ನೊಂದು ಗಂಟೆಗೆ ಬಾ, ಅಲ್ಲಿಯವರೆಗೂ ಮಾತ್ರೆ ಮಾತ್ರ ಇವತ್ತಿಂದಲೇ ಕೊಡು. ಎಷ್ಟು ಕೊಡಬೇಕು ಅಂತ ಆಸ್ಪತ್ರೆಗೆ ಫೋನು ಮಾಡಿ ಈಗಲೇ ಕೇಳೋಣ’ ಎಂದೆ. ಫೋನಿನಲ್ಲಿ ಸಿಕ್ಕ ಡಾಕ್ಟರು ಒಳ್ಳೆಯವರು. ವಿವರವಾಗಿ ಹೇಳಿ, ಸೋಮವಾರ ಮಗುವನ್ನು ಕರೆತರಲು ತಿಳಿಸಿದರು. ಅವಳು ಒಪ್ಪಿದಳು, ಆದರೆ ತಾಯಿತ ಬಿಚ್ಚುವುದಿಲ್ಲ ಎಂದಳು. ‘ತಾಯಿತ ಸೊಂಟದಲ್ಲಿರಲಿ, ಮಾತ್ರೆ ಹೊಟ್ಟೆಗೆ ಹೋಗಲಿ. ಎರಡಕ್ಕೂ ಜಗಳವಿಲ್ಲ’ ಎಂದೆ. ಎಚ್ಚೆನ್ ಇದ್ದಿದ್ದರೆ ಇಷ್ಟು ಸಡಿಲ ಬಿಡುತ್ತಿದ್ದರೋ ಇಲ್ಲವೋ. ಅವರು ವಿಚಾರವಾದಿಗಳು, ನಾನು ಮೇಷ್ಟ್ರು. ಮೊದಲು ಮಗು ಉಳಿಯಬೇಕು, ವಿಚಾರ ಆಮೇಲೆ ಬೆಳೆಯುತ್ತದೆ.

ಶನಿವಾರದ ಪಾಠ ಆಮ್ಲ ಮತ್ತು ಪ್ರತ್ಯಾಮ್ಲ. ಈ ಪಾಠಕ್ಕೆ ಬೇಕಾದ ಪ್ರಯೋಗಶಾಲೆ ನಮ್ಮ ನಿಮ್ಮ ಅಡುಗೆ ಮನೆಯಲ್ಲೇ ಇದೆ. ಆರತಿಗೆ ಓಕುಳಿ ನೀರು ಹೇಗೆ ಮಾಡುತ್ತೇವೆ? ಅರಿಶಿನಕ್ಕೆ ಚಿಟಿಕೆ ಸುಣ್ಣ. ಹಳದಿ ನೀರು ಕೆಂಪಗಾಗುತ್ತದೆ. ಬಿಳಿ ಸೀರೆಯ ಮೇಲೆ ಸಾರಿನ ಕಲೆ ಬಿದ್ದು, ಸೋಪು ಹಚ್ಚಿದ ಕೂಡಲೇ ಅದು ಕೆಂಪಾದದ್ದನ್ನು ನೋಡದ ಗೃಹಿಣಿ ಉಂಟೆ? ಅರಿಶಿನದಲ್ಲಿರುವ ಬಣ್ಣದ ಪದಾರ್ಥ ಸುಣ್ಣ, ಸೋಪಿನಂಥ ಪ್ರತ್ಯಾಮ್ಲ ಸೋಕಿದರೆ ಕೆಂಪಾಗುತ್ತದೆ. ಹುಳಿ ಸೋಕಿದರೆ ಮತ್ತೆ ಹಳದಿಗೆ ತಿರುಗುತ್ತದೆ. ಇದು ಏಳನೆಯ ತರಗತಿಯ ಪಾಠ.

ತಾಯಿ ಹಿಂದಿನ ಬೆಂಚಿನಲ್ಲಿ ಮಗನನ್ನು ತೊಡೆಯ ಮೇಲೆ ಕೂರಿಸಿಕೊಂಡಿದ್ದಳು. ಹಿಂದಿನ ರಾತ್ರಿ ಸುಣ್ಣ ಕದಡಿಟ್ಟು ಬಸಿದ ತಿಳಿ ನೀರನ್ನು ಲೋಟದಲ್ಲಿ ತಂದಿದ್ದೆ. ನೋಡಲು ಕುಡಿಯುವ ನೀರಿನಂತೆಯೇ ಇತ್ತು. ಬಿಳಿ ಕರ್ಚೀಫಿಗೆ ಅರಿಶಿನ ಉಜ್ಜಿ ಒಣಗಿಸಿದ್ದೆ. ಅವಳ ಮಗಳನ್ನೇ ಕರೆದು, ‘ಚಿಮುಕಿಸು’ ಎಂದೆ. ಬಿದ್ದ ಹನಿಯೆಲ್ಲ ಕೆಂಪು ಕೆಂಪು! ಮಕ್ಕಳು ಹೋ ಎಂದರು. ಹುಡುಗಿ ಕೂಗಲಿಲ್ಲ. ತಿರುಗಿ ಅಮ್ಮನನ್ನು ನೋಡಿದಳು. ‘ಈಗ ನಿಂಬೆಹಣ್ಣು ಹಿಂಡು’ ಎಂದೆ. ಹಿಂಡಿದಳು. ಕೆಂಪು ಮಾಯವಾಗಿ ಹಳದಿ ಬಂತು.

ಹಿಂದಿನ ಬೆಂಚಿನಿಂದ ತಾಯಿಯ ಧ್ವನಿ ಬಂತು. ‘ಅಯ್ಯೋ, ಮೂರನೆ ಅಮಾಸೆಗೆ ನಿಂಬೆಹಣ್ಣು ತನ್ನಿ, ರಕ್ತ ಹೋಯ್ತದೆ ಅಂದಿದ್ರಲ್ಲ!’ ಒಂದು ಕ್ಷಣ ಸುಮ್ಮನಿದ್ದು, ‘ಓಕಳಿ ನೀರು ನಾನೇ ಎಷ್ಟು ಸಲ ಮಾಡಿವ್ನಿ, ಹೊಳೀಲೇ ಇಲ್ವಲ್ಲ’ ಎಂದು ನಕ್ಕಳು. ನಗುತ್ತಲೇ ಕಣ್ಣೊರೆಸಿಕೊಂಡಳು. ಮೂರು ಸಾವಿರ ರೂಪಾಯಿ ಎಂದರೆ ಎಷ್ಟು ದಿನದ ಬಿಸಿ ನೀರು ಎಂಬುದು ಆ ಬೆರಳುಗಳಿಗೇ ಗೊತ್ತು.

ಈ ಪುಟ್ಟ ಕಥೆ ಹೀಗೆ ನಗುವಿನಲ್ಲಿ ತಿರುಗಿತು. ಎಲ್ಲ ಕಥೆಗಳೂ ಹೀಗೆ ತಿರುಗುವುದಿಲ್ಲ. 2017ರಲ್ಲಿ ನಮ್ಮ ಮಾಗಡಿಯಲ್ಲಿ ಒಂದು ಹೆಣ್ಣು ಮಗುವಿನ ಕೊಲೆಯಾಯಿತು. ಪಾರ್ಶ್ವವಾಯು ಬಡಿದವರೊಬ್ಬರನ್ನು ಗುಣಪಡಿಸಲು ವಾಮಾಚಾರಕ್ಕೆಂದು ಕೊಂದರೆಂದು ಪೊಲೀಸರು ಹೇಳಿದರು. ಆ ವಾರವೆಲ್ಲ ನಮ್ಮ ಶಾಲೆಯ ಹೆಣ್ಣುಮಕ್ಕಳನ್ನು ತಾಯಂದಿರು ಗೇಟಿನವರೆಗೂ ಬಂದು ಬಿಟ್ಟು ಹೋಗುತ್ತಿದ್ದರು. ಮಂತ್ರದ ಶಕ್ತಿಯನ್ನು ನಂಬುವುದು ಅವರವರ ಮನೆಯ ಮಾತು, ಯಾರಿಗೇನು ನಷ್ಟ ಎನ್ನುವವರಿಗೆ ಆ ಮಗುವನ್ನು ನೆನಪು ಮಾಡಬೇಕು. ಮೊದಲು ನಿಂಬೆಹಣ್ಣು, ಆಮೇಲೆ ಕೋಳಿ, ಆಮೇಲೆ ಕುರಿ. ಆ ಹಾದಿ ಎಲ್ಲಿ ನಿಲ್ಲುತ್ತದೆಂದು ಹಿಡಿದವರಿಗೇ ಗೊತ್ತಿರುವುದಿಲ್ಲ.

ಅದೇ ವರ್ಷ ನವೆಂಬರಿನಲ್ಲಿ ನಮ್ಮ ವಿಧಾನಮಂಡಲ ಅಮಾನವೀಯ ದುಷ್ಟ ಪದ್ಧತಿಗಳು ಮತ್ತು ವಾಮಾಚಾರವನ್ನು ತಡೆಯುವ ಕಾನೂನಿಗೆ ಒಪ್ಪಿಗೆ ಕೊಟ್ಟಿತು. 2020ರ ಜನವರಿಯಲ್ಲಿ ಅದು ಜಾರಿಗೆ ಬಂತು. ನಿಧಿಯಾಸೆಗೆ, ವಾಮಾಚಾರಕ್ಕೆ ಜೀವ ಹಿಂಸೆ ಮಾಡುವುದು, ದೆವ್ವ ಬಿಡಿಸುತ್ತೇವೆಂದು ಹೊಡೆಯುವುದು, ಹಾವು, ನಾಯಿ, ಚೇಳು ಕಚ್ಚಿದವರನ್ನು ಆಸ್ಪತ್ರೆಗೆ ಹೋಗದಂತೆ ತಡೆದು ಮಂತ್ರ, ದಾರ ಎನ್ನುವುದು ಇವೆಲ್ಲ ಈಗ ಅಪರಾಧ. ಒಂದರಿಂದ ಏಳು ವರ್ಷದವರೆಗೆ ಸೆರೆವಾಸ, ಐದು ಸಾವಿರದಿಂದ ಐವತ್ತು ಸಾವಿರದವರೆಗೆ ದಂಡ. ಪೂಜೆ, ಹರಕೆ, ಯಾತ್ರೆ, ಪ್ರದಕ್ಷಿಣೆಗೆ ಕಾನೂನಿನ ಅಡ್ಡಿಯಿಲ್ಲ. ಕಬ್ಬಾಳಮ್ಮನಿಗೆ ನೀವು ಹಣ್ಣುಕಾಯಿ ಒಪ್ಪಿಸಿ ಬರಬಹುದು, ನಾನೂ ಒಪ್ಪಿಸುತ್ತೇನೆ. ದೇವಿಯ ಹೆಸರು ಹೇಳಿ ಮಗುವಿನ ಮಾತ್ರೆ ನಿಲ್ಲಿಸುವವನಿಗೂ ದೇವಿಗೂ ಏನು ಸಂಬಂಧ?

ಹಾವಿನ ಮಾತು ಬಂದದ್ದರಿಂದ ಇನ್ನೊಂದು ಹೇಳಿಬಿಡುತ್ತೇನೆ. ಹಿಪ್ಪುನೇರಳೆ ತೋಟ, ರಾಗಿ ಹೊಲ ಇರುವ ನಮ್ಮ ಕಡೆ ಹಾವಿನ ಮಂತ್ರ ಬಲ್ಲವರಿಗೆ ಬಹಳ ಹೆಸರು. ಆ ಹೆಸರು ಬಂದದ್ದು ಹೇಗೆ? ಹೊಲದಲ್ಲಿ ಕಾಣುವ ಹಾವುಗಳಲ್ಲಿ ಹೆಚ್ಚಿನವಕ್ಕೆ ವಿಷವೇ ಇಲ್ಲ. ವಿಷದ ಹಾವೂ ಪ್ರತಿ ಸಲ ಕಚ್ಚಿದಾಗ ವಿಷ ಬಿಡುವುದಿಲ್ಲ. ಅಂಥವರು ಹೇಗೂ ಬದುಕುತ್ತಾರೆ, ಮಂತ್ರ ಗೆದ್ದಿತು ಎಂದು ಊರೆಲ್ಲ ಹೇಳುತ್ತದೆ. ನಾಗರ, ಕಟ್ಟು ಹಾವು, ಕೊಳಕು ಮಂಡಲ ಕಚ್ಚಿ ವಿಷ ಏರಿದವನಿಗೆ ಮಂತ್ರ ಹಾಕಿಸುತ್ತ ಕೂತರೆ, ಆ ಸೋಲನ್ನು ‘ಆಯಸ್ಸು ಇಷ್ಟೇ ಇತ್ತು’ ಎಂದು ಮುಚ್ಚುತ್ತದೆ. ಗೆದ್ದದ್ದನ್ನು ಮಾತ್ರ ಎಣಿಸಿ ಸೋತದ್ದನ್ನು ಎಣಿಸದ ಲೆಕ್ಕ ಇದು. ನನ್ನ ಕ್ಲಾಸಿನ ಮಕ್ಕಳು ಹೀಗೆ ಲೆಕ್ಕ ಮಾಡಿದರೆ ನಾನು ಸೊನ್ನೆ ಕೊಡುತ್ತೇನೆ.

ಅದಕ್ಕೇ ಆ ಹುಡುಗಿಗೆ ಒಂದು ಕೆಲಸ ಹಚ್ಚಿದೆ. ಗೋಡೆಯ ಕ್ಯಾಲೆಂಡರಿನಲ್ಲಿ ತಮ್ಮನಿಗೆ ಫಿಟ್ಸ್ ಬಂದ ದಿನ ಕೆಂಪು ಸೊನ್ನೆ, ಮಾತ್ರೆ ಕೊಟ್ಟ ದಿನ ನೀಲಿ ಗೀಟು ಹಾಕಬೇಕು. ಒಂದು ದಿನವೂ ಬಿಡುವಂತಿಲ್ಲ, ಒಳ್ಳೆಯದೂ ಬರೀಬೇಕು, ಕೆಟ್ಟದ್ದೂ ಬರೀಬೇಕು. ಕುಲಪತಿಗಳ ಸಮಿತಿ ಇದಕ್ಕಿಂತ ಬೇರೆ ಏನು ಮಾಡುತ್ತಿತ್ತು ಹೇಳಿ! ಮೊದಲ ತಿಂಗಳಲ್ಲಿ ನಾಲ್ಕು ಕೆಂಪು ಸೊನ್ನೆ ಇದ್ದವು. ಡಾಕ್ಟರು ಆ ಕ್ಯಾಲೆಂಡರಿನ ಹಾಳೆ ನೋಡಿ ಬಹಳ ಸಂತೋಷಪಟ್ಟು ಮಾತ್ರೆಯ ಪ್ರಮಾಣ ಬದಲಿಸಿದರು. ಒಮ್ಮೆ ಬೆಂಗಳೂರಿನ ನಿಮ್ಹಾನ್ಸಿಗೂ ಕಳಿಸಿದರು. ಎರಡನೆಯ ತಿಂಗಳು ಎರಡು ಸೊನ್ನೆ, ಮೂರನೆಯ ತಿಂಗಳು ಒಂದು. ಆಮೇಲೆ ದೀಪಾವಳಿಯವರೆಗೂ ಬರೀ ನೀಲಿ ಗೀಟು. ದೀಪಾವಳಿಯ ಗದ್ದಲದಲ್ಲಿ ಎರಡು ದಿನ ಮಾತ್ರೆ ತಪ್ಪಿತು, ಮೂರನೆಯ ದಿನ ಕೆಂಪು ಸೊನ್ನೆ. ಅದನ್ನು ತಾಯಿಗೆ ನಾನು ಹೇಳಬೇಕಾಗಲಿಲ್ಲ. ಗೋಡೆಯೇ ಹೇಳಿತು.

ಎಚ್ಚೆನ್ ಅವರ ನಂತರ ಅವರ ಕೆಲಸ ಏನಾಯಿತು ಎಂದು ಕೇಳುವವರಿದ್ದಾರೆ. ಕೆಲವರು ಕಾನೂನನ್ನು ತೋರಿಸುತ್ತಾರೆ, ಕೆಲವರು ಅವರು ಕಟ್ಟಿದ ಶಾಲೆ ಕಾಲೇಜುಗಳನ್ನು ತೋರಿಸುತ್ತಾರೆ. ಅವೆಲ್ಲ ಸರಿಯೇ. ನಾನು ಕೇಳಿದರೆ ಆ ಕ್ಯಾಲೆಂಡರನ್ನು ತೋರಿಸುತ್ತೇನೆ. ಅವರ ಹೆಸರನ್ನು ಒಮ್ಮೆ ಮಾತ್ರ ಕೇಳಿದ ಹುಡುಗಿಯೊಬ್ಬಳು ದಿನವೂ ಸಂಜೆ ಪೆನ್ನು ಹಿಡಿದು ನಿಜವನ್ನು ಬರೆದಿಟ್ಟಳು.

ಕಳೆದ ತಿಂಗಳು ಶಾಲೆಯ ಹತ್ತಿರ ಆ ತಾಯಿ ಸಿಕ್ಕಳು. ಅವಳ ಜೊತೆ ಇನ್ನೊಬ್ಬ ಹೆಂಗಸು, ಕಂಕುಳಲ್ಲಿ ಮೂರು ವರ್ಷದ ಮಗು, ಮಗುವಿನ ಕೈಯಲ್ಲಿ ಬೀಗದ ಕೈ. ‘ನಮ್ ಫಿಲೇಚರಲ್ಲೇ ಕೆಲ್ಸ ಮಾಡ್ತವ್ಳೆ ಮೇಡಂ. ಇವಳ ಮಗೀಗೂ ಹಂಗೇ ಬತ್ತದಂತೆ. ಯಾರ್ ತಾವೋ ಹೊಂಟಿದ್ಲು, ಮೊದ್ಲು ನಂಜೊತೆ ಬಾ ಅಂತ ಕರ್ಕಂಡ್ ಹೊಂಟಿವ್ನಿ. ಆಸ್ಪತ್ರೇಲಿ ಸಾಲು ಉದ್ದ ಇರ್ತದೆ, ಇರ್ಲಿ ಬಿಡಿ, ಬಸ್ಸು ಹೆಂಗೂ ಬಿಟ್ಟಿ, ಇಬ್ರೂ ಮಾತಾಡ್ಕಂಡ್ ನಿಂತಿರ್ತೀವಿ’ ಎಂದಳು. ಆ ಹೆಂಗಸಿನ ಕಡೆ ತಿರುಗಿ, ನಾನು ಅಲ್ಲಿರುವುದನ್ನೇ ಮರೆತವಳಂತೆ, ‘ನಿನ್ ತಪ್ಪಲ್ಲ ಕಣೆ’ ಎಂದಳು. ಅಷ್ಟರಲ್ಲಿ ಬಸ್ಸು ಬಂತು.